20 ಅಡಿ ರೆಡಿ ಟ್ರಸ್: ಆಕಾರ ಸೈ, ಗಾಳಿಗೆ ಸಾಲದು

ಅಡಿಕೆ ಅಂಗಳಕ್ಕೆ, ಹಂಚು ಇಳಿಸಿದ ಹಳೆ ಮನೆಗೆ ತಗಡು ಹೊದೆಸಲು ಸಿರಸಿ, ಕುಮಟಾ, ಅಂಕೋಲಾ ಕಡೆಯ ವೆಲ್ಡಿಂಗ್ ಶೆಡ್ಡುಗಳಲ್ಲಿ ಮಾಡಿಸುವ ತ್ರಿಕೋನ ಟ್ರಸ್ಸಿನ (ಮಾಡು ಹೊರುವ ಕಬ್ಬಿಣದ ಚೌಕಟ್ಟಿನ) ವಿಮರ್ಶೆ ಇದು. ನೋಡಿದ ಮಾದರಿ: ಅಗಲ 6 ಮೀಟರ್, ನೆತ್ತಿಯ ಎತ್ತರ 1.5 ಮೀಟರ್, ಪಕಾಸಿಗೆ (ಎರಡು ಓರೆ ಬದಿಗಳಿಗೆ) 40×40 ಎಂಎಂ ಚೌಕ ಪೈಪು, ಕೆಳಗೆ ಪಕಾಸಿಗಳ ಬುಡ ಹಿಡಿದಿಡುವ ಟೈ ಆಗಿ 12 ಎಂಎಂ ಸರಳು, ನಡುವೆ ಒಂದು ಕಂಬ.

ಇಳಿಭಾರ ಹೊರುವ ಆಕಾರದಲ್ಲಿ ತಕರಾರಿಲ್ಲ. ನೆತ್ತಿಗೆ 100 ಕಿಲೋ ಬಿದ್ದರೆ ಎರಡು ಪಕಾಸಿಗಳಿಗೆ ತಲಾ 112 ಕಿಲೋ ಒತ್ತಡ, ಸರಳಿಗೆ 100 ಕಿಲೋ ಎಳೆತ. ಗೋಡೆಯನ್ನು ಹೊರಗೆ ದೂಡುವ ಬಲ ಉಳಿಯುವುದಿಲ್ಲ. ಎತ್ತರವನ್ನು 75 ಸೆಂ.ಮೀ.ಗೆ ಇಳಿಸಿದರೆ ಎಳೆತ 200 ಆಗುತ್ತದೆ, ಪೈಪು ಉಳಿಸಿದ ಲಾಭ ಅಲ್ಲಿಗೇ ಮುಗಿಯಿತು. ನಡುಗಂಬ ಮಾಡನ್ನು ಹೊತ್ತು ನಿಂತಿದೆ ಎಂದುಕೊಳ್ಳುವವರೇ ಹೆಚ್ಚು. ನಿಂತಿಲ್ಲ, ನೆತ್ತಿಯಿಂದ ನೇತಾಡುತ್ತಿದೆ. ಹಾಗಾಗಿ ಅದರ ಎರಡೂ ತುದಿಯ ಬೆಸುಗೆ ಎಳೆತ ತಡೆಯುವಂತಿರಬೇಕು.

ಎಳೆತಕ್ಕೆ ಉದ್ದದ ಅಂಜಿಕೆಯಿಲ್ಲ. ಒತ್ತಡಕ್ಕಿದೆ, ಉದ್ದ ಸಪೂರ ಪೈಪು ಮುರಿಯುವ ಮೊದಲೇ ಬಾಗುತ್ತದೆ. ಇಲ್ಲಿ ಪಕಾಸಿ 3.35 ಮೀಟರ್. 2 ಎಂಎಂ ದಪ್ಪದ 40×40 ಪೈಪಿನ ಗೈರೇಶನ್ ತ್ರಿಜ್ಯ (ಬಾಗದಂತೆ ತಡೆಯಲು ಪೈಪಿನ ಅಡ್ಡಕೊಯ್ತ ಎಷ್ಟು ನೆರವಾಗುತ್ತದೆ ಎಂಬ ಅಳತೆ) 15.5 ಎಂಎಂ, ಉದ್ದವನ್ನು ಅದರಿಂದ ಭಾಗಿಸಿದರೆ 216. ಈ ಅನುಪಾತಕ್ಕೆ ಐಎಸ್ 800 (ಉಕ್ಕಿನ ಕಟ್ಟಡಗಳ ಭಾರತೀಯ ಮಾನಕ) ಇಟ್ಟ ಮಿತಿ 180. ನಡುಗಂಬದ ಬುಡದಿಂದ ಪಕಾಸಿಯ ಅರ್ಧಕ್ಕೆ ಒಂದೊಂದು ಓರೆಗಾಲು ಕೊಟ್ಟು, ಅದೇ ಜಾಗದ ಮೇಲೆ ಪರ್ಲಿನ್ (ತಗಡು ಹೊರುವ ಅಡ್ಡ ಪೈಪು) ಕೂರಿಸಿದರೆ 108ಕ್ಕೆ ಇಳಿಯುತ್ತದೆ. ಎರಡು ತುಂಡು ಪೈಪಿನ ಖರ್ಚು.

ದೊಡ್ಡ ಕೊರತೆ ಇರುವುದು ಸರಳಿನಲ್ಲಿ. ಹಂಚು, ರೀಪು ಸೇರಿ ಚದರ ಮೀಟರಿಗೆ ಸುಮಾರು 65 ಕಿಲೋ, 0.5 ಎಂಎಂ ತಗಡು 5 ಕಿಲೋ. ಹಂಚಿನ ಮಾಡನ್ನು ಅದರ ಭಾರವೇ ಕೂರಿಸಿಟ್ಟಿತ್ತು. ತಗಡನ್ನು, ಅದರಲ್ಲೂ ಸುತ್ತ ಗೋಡೆಯಿಲ್ಲದ ಅಂಗಳದ ತಗಡನ್ನು, ಗಾಳಿ ಮೇಲಕ್ಕೆತ್ತುತ್ತದೆ. ಆಗ ಎಲ್ಲ ತಿರುವುಮುರುವು: ಪಕಾಸಿಗೆ ಎಳೆತ, ಸರಳಿಗೆ ಒತ್ತಡ. 12 ಎಂಎಂ ಸರಳಿನ ಗೈರೇಶನ್ ತ್ರಿಜ್ಯ ಬರೀ 3 ಎಂಎಂ. ನಡುಗಂಬದವರೆಗಿನ 3 ಮೀಟರ್ ಮಾತ್ರ ಹಿಡಿದರೂ ಅನುಪಾತ 1000. ಗಾಳಿಗೆ ಬಲ ತಿರುಗುವ ಟೈಗೆ ಮಿತಿ 350. ಸರಳು ಬಿಲ್ಲಾಗುತ್ತದೆ, ಬಲವೆಲ್ಲ ಟ್ರಸ್ ಹೊತ್ತ ಬದಿಯ ಕಂಬದ ತಲೆಗೆ ಹೋಗುತ್ತದೆ. ಕೆಳಗೂ 40×40 ಪೈಪನ್ನೇ ಹಾಕಿಸಿ. ಅದೂ ಒಂದೇ ಸಾಲದು: ಪಕ್ಕಕ್ಕೆ ಬಾಗಲು 6 ಮೀಟರ್ ಪೂರ್ತಿ ಸಿಗುವುದರಿಂದ ಅನುಪಾತ 387. ಎಲ್ಲ ಟ್ರಸ್ಸುಗಳ ನಡುಗಂಬದ ಬುಡವನ್ನು ಪೋಣಿಸುವ ಒಂದು ಉದ್ದ ಪೈಪು ಬೇಕು, ಅದರ ತುದಿಯ ಅಂಕಣದಲ್ಲಿ (ಕೊನೆಯ ಎರಡು ಟ್ರಸ್ಸುಗಳ ನಡುವೆ) ಓರೆಕಟ್ಟು ಇರಬೇಕು. ಬದಿಯ ಕಂಬದ ತಲೆಯಲ್ಲಿ ಪ್ಲೇಟಿಗೆ ಬೋಲ್ಟು ಹಾಕಿ, ಬರೀ ಚುಕ್ಕೆ ಬೆಸುಗೆಗೆ ಒಪ್ಪಬೇಡಿ.

ಬೆಸುಗೆ ಕೆಲಸ ಸಾಧಾರಣ. ಪೈಪುಗಳ ನಡುಗೆರೆಗಳು ಒಂದೇ ಬಿಂದುವಿಗೆ ಸೇರಬೇಕು. ಈ ಮಾದರಿಯಲ್ಲಿ ಓರೆಯಾಗಿ ಕತ್ತರಿಸುವ ಶ್ರಮ ತಪ್ಪಿಸಲು ಜಾರಿಸಿ ಕೂರಿಸಿದ್ದಾರೆ, ಇದರಿಂದ ಕೀಲಿನಲ್ಲಿ ಬಾಗುವಿಕೆ ಹುಟ್ಟುತ್ತದೆ. ಜಿಐ (ಸತು ಲೇಪಿಸಿದ) ಪೈಪಾದರೆ ಬೆಸುಗೆ ಹಾಕಿದಲ್ಲಿ ಸತು ಸುಟ್ಟಿರುತ್ತದೆ. ಕಾರವಾರದ ಉಪ್ಪುಗಾಳಿಗೆ ತುಕ್ಕು ಶುರುವಾಗುವುದು ಅಲ್ಲಿಂದಲೇ. ಸತುವಿನ ಪೇಂಟ್ ಹಚ್ಚಿಸಿ, ಪೈಪಿನ ಬಾಯಿ ಮುಚ್ಚಿಸಿ.

ಚದರಡಿ ದರ ಹೇಳಿದರೆ ಪೈಪು ತೂಗಿಸಿ ನೋಡಿ. 2 ಎಂಎಂ ಆಗಿದ್ದರೆ 6 ಮೀಟರಿನ ಒಂದು ಪೈಪು 14 ಕಿಲೋ ಹತ್ತಿರ ಇರುತ್ತದೆ. 9 ಬಂದರೆ ಅದು 1.2 ಎಂಎಂ ಮಾಲು.