ತಡವಾಗಿ ಹೋದವರಿಗೆ ಕೆಎಸ್‌ಎಟಿ ಎಷ್ಟು ಉಪಯೋಗ?

ವೇತನ ನಿಗದಿ, ಪಿಂಚಣಿ, ಬಡ್ತಿ, ಜ್ಯೇಷ್ಠತೆಯ ತಕರಾರು ಇರುವ ರಾಜ್ಯ ಸರ್ಕಾರಿ ನೌಕರರು ಮೊದಲು ಹೋಗಬೇಕಾದದ್ದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ (ಕೆಎಸ್‌ಎಟಿ). ಸುಪ್ರೀಂ ಕೋರ್ಟಿನ 1997ರ ಎಲ್. ಚಂದ್ರಕುಮಾರ್ ತೀರ್ಪಿನ ನಂತರ ಹೈಕೋರ್ಟ್ ಏನಿದ್ದರೂ ಎರಡನೇ ಮೆಟ್ಟಿಲು. ಬೆಂಗಳೂರಿನ ಜೊತೆಗೆ ಬೆಳಗಾವಿ, ಕಲಬುರಗಿಯಲ್ಲೂ ಪೀಠಗಳಿರುವುದು ದೊಡ್ಡ ಅನುಕೂಲ. ಆದರೆ ತಡವಾಗಿ ಹೋದವರಲ್ಲಿ ಯಾರಿಗೆ ಎಷ್ಟು ಸಿಗುತ್ತದೆ ಎಂಬುದು ಬೇಡಿಕೆ ಯಾವುದರದ್ದು ಎಂಬುದರ ಮೇಲೆ ನಿಂತಿದೆ.

ಸಂಬಳ, ಪಿಂಚಣಿಯ ವಿಷಯದಲ್ಲಿ ಈ ವ್ಯವಸ್ಥೆಗೆ ಒಳ್ಳೆಯ ಅಂಕವನ್ನೇ ಕೊಡಬೇಕು. ತಪ್ಪು ವೇತನ ನಿಗದಿಯಿಂದ ಪ್ರತಿ ತಿಂಗಳೂ ಹೊಸದಾಗಿ ಅನ್ಯಾಯವಾಗುತ್ತದೆ ಎಂದು 1995ರ ಎಂ.ಆರ್. ಗುಪ್ತಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಪ್ಪಿದೆ. ಹಾಗಾಗಿ ಹಕ್ಕು ಉಳಿಯುತ್ತದೆ, ಕೈತಪ್ಪುವುದು ಹಳೆಯ ಬಾಕಿ. 2008ರ ತರ್ಸೇಮ್ ಸಿಂಗ್ ಪ್ರಕರಣದಲ್ಲಿ ಹೈಕೋರ್ಟ್ ಕೊಟ್ಟಿದ್ದ ಸುಮಾರು 16 ವರ್ಷಗಳ ಬಾಕಿಯನ್ನು ಸುಪ್ರೀಂ ಕೋರ್ಟ್ 3 ವರ್ಷಕ್ಕೆ ಇಳಿಸಿತು. ತಿಂಗಳಿಗೆ 1,500 ರೂಪಾಯಿ ಕಡಿಮೆ ಬರುತ್ತಿದ್ದು, 10 ವರ್ಷ ಸುಮ್ಮನಿದ್ದು ಅರ್ಜಿ ಹಾಕಿದರೆ ಈ ಲೆಕ್ಕದಲ್ಲಿ ಸಿಗುವುದು 54,000. ಉಳಿದ 1,26,000 ಹೋದಂತೆಯೇ.

ಬಡ್ತಿ, ಜ್ಯೇಷ್ಠತೆಗೆ ಈ ರಿಯಾಯಿತಿ ಇಲ್ಲ. ಅಷ್ಟರಲ್ಲಿ ಬೇರೆಯವರು ಆ ಸ್ಥಾನದಲ್ಲಿ ನೆಲೆನಿಂತಿರುತ್ತಾರೆ, ಅವರನ್ನು ಕದಲಿಸಲು ನ್ಯಾಯಾಲಯ ಒಪ್ಪುವುದು ಅಪರೂಪ. ಸಹೋದ್ಯೋಗಿ ಗೆದ್ದ ಮೇಲೆ ‘ನನಗೂ ಕೊಡಿ’ ಎಂದು ಬರುವವರನ್ನೂ 2014ರ ಅರವಿಂದ್ ಕುಮಾರ್ ಶ್ರೀವಾಸ್ತವ ತೀರ್ಪು ಬೇಲಿ ಮೇಲೆ ಕೂತು ಕಾದು ನೋಡಿದವರೆಂದೇ ನೋಡುತ್ತದೆ. ಮೂಲ ತೀರ್ಪು ಆ ವರ್ಗದ ಎಲ್ಲರಿಗೂ ಅನ್ವಯಿಸುವಂತಿದ್ದರೆ ಮಾತ್ರ ಮಾತು ಬೇರೆ.

ಗಡುವು ಇರುವುದು 1985ರ ಆಡಳಿತ ನ್ಯಾಯಮಂಡಳಿ ಕಾಯ್ದೆಯ 21ನೇ ಕಲಮಿನಲ್ಲಿ: ಅಂತಿಮ ಆದೇಶ ಬಂದ ದಿನದಿಂದ 1 ವರ್ಷ. ನಿಯಮದಲ್ಲಿ ಅವಕಾಶವಿರುವ ಮೇಲ್ಮನವಿ ಕೊಟ್ಟು 6 ತಿಂಗಳಾದರೂ ಆದೇಶ ಬರದಿದ್ದರೆ, ಆ 6 ತಿಂಗಳು ಮುಗಿದಲ್ಲಿಂದ 1 ವರ್ಷ. 2024ರ ಜನವರಿ 10ರಂದು ಕೊಟ್ಟಿದ್ದರೆ 2025ರ ಜುಲೈ 10ರ ಹೊತ್ತಿಗೆ ಅರ್ಜಿ ದಾಖಲಾಗಿರಬೇಕು.

ಹೆಚ್ಚಿನವರು ಎಡವುವುದು ಇಲ್ಲೇ. ವರ್ಷಕ್ಕೊಂದು ಜ್ಞಾಪನ ಪತ್ರ ಕೊಡುತ್ತಾ, ಗಡುವು ಮುಂದಕ್ಕೆ ಹೋಗುತ್ತಿದೆ ಎಂದುಕೊಳ್ಳುತ್ತಾರೆ. ಮನವಿ ಮೇಲೆ ಮನವಿ ಕೊಟ್ಟರೆ ಕಾಲಮಿತಿ ಬೆಳೆಯುವುದಿಲ್ಲ ಎಂದು 1989ರಲ್ಲೇ ಎಸ್.ಎಸ್. ರಾಥೋರ್ ಪ್ರಕರಣದಲ್ಲಿ ಹೇಳಿಯಾಗಿದೆ. ಹಳಸಿದ ಬೇಡಿಕೆಗೆ ಇಲಾಖೆ ಈಗ ಹಿಂಬರಹ (ಲಿಖಿತ ಉತ್ತರ) ಕೊಟ್ಟರೂ ಅದು ಮತ್ತೆ ಜೀವ ತಳೆಯುವುದಿಲ್ಲ ಎಂಬುದು 2008ರ ಸಿ. ಜೇಕಬ್ ತೀರ್ಪು. ಈ ಒಂದು ವಿಷಯವನ್ನು ಪ್ರತಿ ಕಚೇರಿಯ ಸೂಚನಾ ಫಲಕದಲ್ಲಿ ಹಾಕಬೇಕು.

ಗಡುವು ದಾಟಿದ್ದರೆ ಮೂಲ ಅರ್ಜಿಯ ಜೊತೆಗೇ 21(3)ರ ಅಡಿ ವಿಳಂಬ ಮನ್ನಾ ಅರ್ಜಿ, ಅಫಿಡವಿಟ್ ಇಡಿ. ‘ಕಾನೂನು ಗೊತ್ತಿರಲಿಲ್ಲ’ ಎಂಬ ಒಂದು ಸಾಲನ್ನು ನಂಬಿಕೊಂಡು ಕೂರಬೇಡಿ. ಕಾಯಿಲೆಯಾಗಿದ್ದರೆ ಯಾವ ದಿನದಿಂದ ಯಾವ ದಿನದವರೆಗೆ, ಆಸ್ಪತ್ರೆಯ ಬಿಡುಗಡೆ ಚೀಟಿ ಸಮೇತ. ಆದೇಶದ ಪ್ರತಿ ತಡವಾಗಿ ಕೈಸೇರಿದ್ದರೆ ಸ್ವೀಕೃತಿಯ ದಿನಾಂಕ ಇರುವ ಪುಟದ ನಕಲು. ಮೂಲ ಮನವಿಯ ಮೇಲೆ ಟಪಾಲು ಶಾಖೆಯ ಮೊಹರು ಸ್ಪಷ್ಟವಾಗಿ ಕಾಣುವಂತಿರಲಿ. 6 ತಿಂಗಳ ಎಣಿಕೆ ಶುರುವಾಗುವುದು ಆ ದಿನಾಂಕದಿಂದಲೇ.