ಸ್ವಂತ ಚಾನೆಲ್ಲೋ, ರೀಲ್ಸೋ, ಬೇರೆಯವರ ಎಡಿಟಿಂಗೋ?

ಮುಂದಿನ ಸೆಮಿಸ್ಟರ್ ಫೀಸಿಗೆ ದುಡ್ಡು ಬೇಕಿದ್ದರೆ ಬೇರೆಯವರ ವಿಡಿಯೊ ಎಡಿಟ್ ಮಾಡಿಕೊಡಿ. ಡಿಗ್ರಿ ಮುಗಿಯುವ ಹೊತ್ತಿಗೆ ಒಂದು ಆದಾಯ ಇರಲಿ ಅನ್ನುವವರಿಗೆ ಯೂಟ್ಯೂಬ್‌ನ ಉದ್ದ ವಿಡಿಯೊ. ರೀಲ್ಸ್‌ನಲ್ಲಿ ಹೆಸರು ಬೇಗ ಬರುತ್ತದೆ, ವ್ಯೂಸ್‌ನಿಂದ ಹಣ ಬರುವುದಿಲ್ಲ. ಮೂರನ್ನೂ ಮಾಡಿ ನೋಡಿದ ಮೇಲಿನ ಲೆಕ್ಕ ಇದು.

ಯೂಟ್ಯೂಬ್ ಜಾಹೀರಾತು ಹಣಕ್ಕೆ 1,000 ಚಂದಾದಾರರು, ಜೊತೆಗೆ 12 ತಿಂಗಳಲ್ಲಿ 4,000 ಗಂಟೆ ವೀಕ್ಷಣೆ ಬೇಕು. ಅಂದರೆ 2,40,000 ನಿಮಿಷ. ಒಬ್ಬೊಬ್ಬರು ಸರಾಸರಿ 4 ನಿಮಿಷ ನೋಡಿದರೆ 60,000 ವ್ಯೂಸ್. ದ್ವಿತೀಯ ಪಿಯು ಅಕೌಂಟೆನ್ಸಿ ಲೆಕ್ಕ ಬಿಡಿಸುವ ಚಾನೆಲ್ಲಿಗೆ ಇದು ಆಗದ ಮಾತಲ್ಲ, ಪರೀಕ್ಷೆ ಹತ್ತಿರ ಬಂದಂತೆ ಹಳೆಯ ವಿಡಿಯೊಗಳೂ ಓಡುತ್ತವೆ. ಯೂಟ್ಯೂಬ್‌ನ ಚಿಕ್ಕ ವಿಡಿಯೊಗಳಾದ ಶಾರ್ಟ್ಸ್ ದಾರಿ ಹಿಡಿದರೆ 90 ದಿನದಲ್ಲಿ 1 ಕೋಟಿ ವ್ಯೂಸ್, ದಿನಕ್ಕೆ 1.11 ಲಕ್ಷ. ಶಾರ್ಟ್ಸ್ ಫೀಡ್‌ನಲ್ಲಿ ನೋಡಿದ ಹೊತ್ತು ಆ 4,000 ಗಂಟೆಗೆ ಸೇರುವುದೂ ಇಲ್ಲ. ಜಾಹೀರಾತು ಹಣದಲ್ಲಿ ನಮಗೆ ಸಿಗುವ ಪಾಲು ಉದ್ದ ವಿಡಿಯೊಗೆ 55%, ಶಾರ್ಟ್ಸ್‌ಗೆ 45%. ವಿಡಿಯೊ 8 ನಿಮಿಷ ದಾಟಿದರೆ ನಡುವೆಯೂ ಜಾಹೀರಾತು ಹಾಕಬಹುದು. ಹಾಗೆಂದು 5 ನಿಮಿಷದ ವಿಷಯವನ್ನು ಎಳೆದರೆ ಜನ ಅರ್ಧಕ್ಕೇ ಎದ್ದು ಹೋಗುತ್ತಾರೆ.

ಹೆಚ್ಚಿನವರು ಎಡವುವುದು ಈ ಜಾಹೀರಾತು ಹಣಕ್ಕೆ ಅರ್ಜಿ ಹಾಕುವಾಗ. ಟಿವಿ ತುಣುಕು, ಸಿನಿಮಾ ದೃಶ್ಯಕ್ಕೆ ನಾಲ್ಕು ಮಾತು ಅಂಟಿಸಿದ ಚಾನೆಲ್ಲನ್ನು 'ಮರುಬಳಕೆ' ಎಂದು ತಿರಸ್ಕರಿಸುತ್ತಾರೆ. ಮೊದಲ ಸಲವಾದರೆ 30 ದಿನ ಬಿಟ್ಟು ಮತ್ತೆ ಹಾಕಬಹುದು, ಆಮೇಲೆ ಪ್ರತಿ ಸಲವೂ 90 ದಿನ ಕಾಯಬೇಕು.

ಇನ್‌ಸ್ಟಾಗ್ರಾಂ ವಿಷಯಕ್ಕೆ ಬಂದರೆ, ವ್ಯೂಸ್ ಲೆಕ್ಕದಲ್ಲಿ ಬದುಕಲು ಆಗುವುದಿಲ್ಲ. ಬಟ್ಟೆ ಅಂಗಡಿ, ದರ್ಶಿನಿ, ಕೋಚಿಂಗ್ ಸೆಂಟರ್‌ನವರು ಕೊಡುವ ಪ್ರಚಾರದ ಹಣವೇ ಗತಿ. ಹಣ ಪಡೆದದ್ದಾದರೆ 'ಜಾಹೀರಾತು' ಎಂದು ಕಾಣುವಂತೆ ಹಾಕಬೇಕು. ಅಕೌಂಟನ್ನು ಬಿಸಿನೆಸ್‌ಗೆ ಬದಲಿಸಿದ ದಿನವೇ ಸಿನಿಮಾ ಹಾಡುಗಳು ಮಾಯವಾಗುತ್ತವೆ; ವಾಣಿಜ್ಯ ಬಳಕೆಗೆ ಅವುಗಳ ಹಕ್ಕು ಸಿಗುವುದಿಲ್ಲ, ಅಷ್ಟೇ.

ಇನ್ನು ಎಡಿಟಿಂಗ್. ಮದುವೆ ಫೋಟೋಗ್ರಾಫರ್‌ಗಳು, ಟ್ಯೂಷನ್ ಮೇಷ್ಟ್ರು, ಅಡುಗೆ ಚಾನೆಲ್ ನಡೆಸುವ ಗೃಹಿಣಿಯರು, ಎಲ್ಲರಿಗೂ ಕೈ ಬೇಕು. ಕಂಪ್ಯೂಟರ್ ಇದ್ದವರಿಗೆ ಡಾವಿಂಚಿ ರಿಸಾಲ್ವ್ ಎಂಬ ಎಡಿಟಿಂಗ್ ಸಾಫ್ಟ್‌ವೇರ್‌ನ ಉಚಿತ ಆವೃತ್ತಿಯೇ ಸಾಕು. ಆದರೆ ಎರಡು ತೊಂದರೆ ಖಂಡಿತ ಬರುತ್ತವೆ. ಒಂದು, 40 ನಿಮಿಷದ ಪಾಠದಲ್ಲಿ ಕೊನೆಗೆ ಬರುವಷ್ಟರಲ್ಲಿ ತುಟಿ ಒಂದು ಕಡೆ, ಮಾತು ಇನ್ನೊಂದು ಕಡೆ. ಫೋನು ಸೆಕೆಂಡಿಗೆ ಇಷ್ಟೇ ಫ್ರೇಮ್ ಎಂದು ಒಂದೇ ಸಮ ತೆಗೆಯುವುದಿಲ್ಲ, ಬೆಳಕು ನೋಡಿಕೊಂಡು ಏರಿಳಿಸುತ್ತದೆ. ಎಡಿಟ್‌ಗೆ ಮೊದಲೇ ವಿಡಿಯೊ ಪರಿವರ್ತಿಸುವ ಹ್ಯಾಂಡ್‌ಬ್ರೇಕ್ ಸಾಫ್ಟ್‌ವೇರ್‌ಗೆ ಹಾಕಿ 'ಕಾನ್‌ಸ್ಟಂಟ್ ಫ್ರೇಮ್‌ರೇಟ್' ಆರಿಸಿ ಬದಲಿಸಿಕೊಂಡರೆ ಸರಿಹೋಗುತ್ತದೆ. ಎರಡು, ಕನ್ನಡ ಅಕ್ಷರ. ಅಡೋಬಿಯ ಎಡಿಟಿಂಗ್ ಸಾಫ್ಟ್‌ವೇರ್ ಪ್ರೀಮಿಯರ್‌ನಲ್ಲಿ 'ಸ್ತ್ರೀ' ಎಂದು ಬರೆದರೆ ಒತ್ತುಗಳು ಕಳಚಿ ಸಾಲಾಗಿ ನಿಲ್ಲುತ್ತವೆ. ಪ್ರಿಫರೆನ್ಸಸ್‌ನ ಗ್ರಾಫಿಕ್ಸ್ ವಿಭಾಗದಲ್ಲಿ 'ಸೌತ್ ಏಷ್ಯನ್ ಅಂಡ್ ಮಿಡಲ್ ಈಸ್ಟರ್ನ್' ಆರಿಸಿದರೆ ಕೂಡಿಕೊಳ್ಳುತ್ತವೆ. ಇಷ್ಟು ಗೊತ್ತಿರುವ ಎಡಿಟರ್‌ಗೆ ಕನ್ನಡ ಸಬ್‌ಟೈಟಲ್ ಕೆಲಸ ಕೈತಪ್ಪುವುದಿಲ್ಲ.

ಕ್ಲಿಪ್ಪುಗಳನ್ನು ವಾಟ್ಸಾಪ್‌ನಲ್ಲಿ ತರಿಸಿಕೊಳ್ಳುವುದಾದರೆ 'ಡಾಕ್ಯುಮೆಂಟ್' ಆಗಿ ಕಳಿಸಲು ಹೇಳಿ. ವಿಡಿಯೊ ಎಂದೇ ಕಳಿಸಿದರೆ ಹಿಂಡಿ ಹಿಪ್ಪೆಯಾಗಿ ಬರುತ್ತದೆ. ದರವನ್ನು ಮುಗಿದ ವಿಡಿಯೊದ ನಿಮಿಷಕ್ಕೆ ಕಟ್ಟಿ, ಅರ್ಧ ಮುಂಗಡ ತೆಗೆದುಕೊಳ್ಳಿ, ತಿದ್ದುಪಡಿ ಎರಡೇ ಸಲ ಎಂದು ಮೊದಲೇ ಹೇಳಿಬಿಡಿ. ಪರಿಚಯದವರೆಂದು ಸಂಕೋಚಪಟ್ಟರೆ ಏಳನೇ ಸಲವೂ 'ಆ ಮ್ಯೂಸಿಕ್ ಸ್ವಲ್ಪ ಬೇರೆ ಹಾಕಪ್ಪ' ಎಂಬ ಕರೆ ಬರುತ್ತದೆ.

ಎಡಿಟಿಂಗ್ ಹಣ ಯುಪಿಐನಲ್ಲಿ ಅಂದೇ ಬರುತ್ತದೆ. ಯೂಟ್ಯೂಬ್‌ನದು ನಿಧಾನ. ಆ ಹಣ ಗೂಗಲ್‌ನ ಆಡ್‌ಸೆನ್ಸ್ ಖಾತೆಯ ಮೂಲಕ ಬರುತ್ತದೆ, ಅದಕ್ಕೆ 18 ವರ್ಷ ತುಂಬಿರಬೇಕು. ಅದರಲ್ಲಿ ತೆರಿಗೆ ಮಾಹಿತಿ ತುಂಬದೆ ಬಿಟ್ಟರೆ ಅಮೆರಿಕದ ತೆರಿಗೆ ಎಂದು ಒಟ್ಟು ಗಳಿಕೆಯ 24%ವರೆಗೆ ಹಿಡಿಯಬಹುದು. ಪ್ಯಾನ್ ಸಂಖ್ಯೆ ಕೊಟ್ಟು ಭಾರತ–ಅಮೆರಿಕ ತೆರಿಗೆ ಒಪ್ಪಂದದ ಲಾಭ ಕೇಳಿಕೊಂಡರೆ ಅಮೆರಿಕದ ಕನ್ನಡಿಗರು ನೋಡಿದ್ದರ ಗಳಿಕೆಗೆ ಮಾತ್ರ 15%. 100 ಡಾಲರ್ ತುಂಬಿದ ಮೇಲೆ ಮುಂದಿನ ತಿಂಗಳ 21ರಿಂದ 26ರೊಳಗೆ ಕಳಿಸುತ್ತಾರೆ. ಅದಕ್ಕೂ ಮುಂಚೆ, 10 ಡಾಲರ್ ಆದಾಗ, ವಿಳಾಸ ಖಚಿತಪಡಿಸಲು ಪಿನ್ ಸಂಖ್ಯೆ ಇರುವ ಕಾಗದ ಅಂಚೆಯಲ್ಲಿ ಬರುತ್ತದೆ. ನಾಲ್ಕು ತಿಂಗಳೊಳಗೆ ಅದನ್ನು ನಮೂದಿಸದಿದ್ದರೆ ಜಾಹೀರಾತು ನಿಲ್ಲುತ್ತದೆ. ಹಾಸ್ಟೆಲ್ ವಿಳಾಸ ಕೊಟ್ಟು ರಜೆಗೆ ಹೋದವರ ಕಾಗದ ವಾರ್ಡನ್ ಮೇಜಿನ ಮೇಲೆ ಕೊಳೆಯುತ್ತಿರುತ್ತದೆ. ಊರಿನ ಮನೆಯ ವಿಳಾಸ ಕೊಡಿ, ಪೋಸ್ಟ್‌ಮ್ಯಾನ್‌ಗೆ ಗುರುತು ಸಿಗುವಂತೆ ಅಪ್ಪನ ಹೆಸರನ್ನೂ ವಿಳಾಸದ ಸಾಲಿನಲ್ಲಿ ಸೇರಿಸಿ.