ಆ್ಯನ್ ಆರ್ಬರಿನ ಹಳೆಯ ರೈಲು ನಿಲ್ದಾಣದಲ್ಲಿ ಒಂದು ಊಟ: ಗ್ಯಾಂಡಿ ಡ್ಯಾನ್ಸರ್

ಅಮೆರಿಕದ ಮಿಷಿಗನ್ ರಾಜ್ಯದ ಆ್ಯನ್ ಆರ್ಬರ್ ನಗರದಲ್ಲಿ, ಹ್ಯೂರಾನ್ ನದಿಗೆ ಸಮೀಪದ ಡಿಪೋ ಸ್ಟ್ರೀಟಿನಲ್ಲಿ, ಗ್ಯಾಂಡಿ ಡ್ಯಾನ್ಸರ್ ಎಂಬ ರೆಸ್ಟೋರೆಂಟ್ ಇದೆ. ಸಮುದ್ರದ ಮೀನಿನ ಅಡುಗೆಗೆ ಅದು ಹೆಸರುವಾಸಿಯಾದರೂ ನಾನು ಅದನ್ನು ಶಿಫಾರಸು ಮಾಡುತ್ತಿರುವುದು ಮೊದಲಿಗೆ ಅದರ ಕಟ್ಟಡಕ್ಕಾಗಿ. 1886ರಲ್ಲಿ ಮಿಷಿಗನ್ ಸೆಂಟ್ರಲ್ ರೈಲು ಕಂಪನಿಯ ನಿಲ್ದಾಣವಾಗಿ ಕಟ್ಟಿದ ಈ ಕಲ್ಲಿನ ಮನೆ, 1970ರಿಂದ ಊಟದ ಮನೆಯಾಗಿ ನಡೆದುಬಂದಿದೆ. ಗ್ಯಾಂಡಿ ಡ್ಯಾನ್ಸರ್ ಎಂಬುದು ಕಬ್ಬಿಣದ ಹಾರೆಗಳನ್ನು ಹಿಡಿದು ಹಾಡಿನ ಲಯಕ್ಕೆ ಸರಿಯಾಗಿ ಹಳಿಗಳನ್ನು ಸರಿಸಿ ಕೂರಿಸುತ್ತಿದ್ದ ರೈಲ್ವೆ ಕೂಲಿಗಳಿಗೆ ಅಲ್ಲಿಯ ಜನ ಇಟ್ಟಿದ್ದ ಹೆಸರು. ಬಿಳಿಯ ಮೇಜುಬಟ್ಟೆ ಹಾಸಿದ ಜಾಗಕ್ಕೆ ಹಳಿಯ ಮೇಲೆ ದುಡಿದವರ ಹೆಸರನ್ನೇ ಇಟ್ಟದ್ದು ನನಗೆ ಮೆಚ್ಚುಗೆಯಾದ ಸಂಗತಿ.

ಈ ಕಟ್ಟಡದ ಮುಂದೆ ಹಾದುಹೋಗುವ ಹಳಿಯ ಕಥೆ ಕಟ್ಟಡಕ್ಕಿಂತ ಹಳೆಯದು. ಮಿಷಿಗನ್ 1837ರಲ್ಲಿ ರಾಜ್ಯವಾದ ಕೂಡಲೇ ಅಲ್ಲಿನ ಸರ್ಕಾರವು ತಾನೇ ಸಾಲ ಮಾಡಿ ರೈಲುಮಾರ್ಗಗಳನ್ನು ಹಾಕಲು ಹೊರಟಿತು. ಡೆಟ್ರಾಯಿಟ್‌ನಿಂದ ಪಶ್ಚಿಮಕ್ಕೆ ಹೊರಟ ಮಾರ್ಗ 1838ರಲ್ಲಿ ಇಪ್ಸಿಲಾಂಟಿಯನ್ನೂ 1839ರಲ್ಲಿ ಆ್ಯನ್ ಆರ್ಬರನ್ನೂ ಮುಟ್ಟಿತು. ಆದರೆ ರಾಜ್ಯವಾದ ವರ್ಷವೇ ದೇಶಕ್ಕೆ ಬಡಿದ ಹಣಕಾಸಿನ ಬಿಕ್ಕಟ್ಟು ಬೊಕ್ಕಸವನ್ನು ಬರಿದುಮಾಡಿದ್ದರಿಂದ, 1846ರಲ್ಲಿ ಸರ್ಕಾರ ಆ ಮಾರ್ಗವನ್ನು 20 ಲಕ್ಷ ಡಾಲರಿಗೆ ಖಾಸಗಿ ಬಂಡವಾಳಗಾರರಿಗೆ ಮಾರಿಬಿಟ್ಟಿತು. ಅವರು ಕಟ್ಟಿದ ಕಂಪನಿಯೇ ಮಿಷಿಗನ್ ಸೆಂಟ್ರಲ್. 1852ರಲ್ಲಿ ಆ ಕಂಪನಿಯ ರೈಲುಗಳು ಶಿಕಾಗೊ ತಲುಪಿದವು. ಅಲ್ಲಿಂದ ಮುಂದೆ ಆ್ಯನ್ ಆರ್ಬರ್ ದೊಡ್ಡ ಮಾರ್ಗದ ಮೇಲಿನ ಒಂದು ಊರಾಯಿತು. ಅದು ವಿಶ್ವವಿದ್ಯಾಲಯದ ಊರೂ ಆಗಿದ್ದರಿಂದ ಹೊಸ ವಿದ್ಯಾರ್ಥಿಗಳಿಗೂ ಅತಿಥಿಗಳಿಗೂ ಊರಿನ ಮೊದಲ ನೋಟ ಸಿಗುತ್ತಿದ್ದುದು ನಿಲ್ದಾಣದಲ್ಲಿಯೇ. ಊರಿನ ಅಳತೆಗೆ ಮೀರಿದ ಘನತೆಯ ಕಟ್ಟಡವನ್ನು ಕಂಪನಿ ಇಲ್ಲಿ ಕಟ್ಟಿಸಿದ್ದಕ್ಕೆ ಇದೂ ಒಂದು ಕಾರಣವೆಂದು ನಾನು ತಿಳಿಯುತ್ತೇನೆ.

ಕಟ್ಟಡದ ವಿನ್ಯಾಸ ಡೆಟ್ರಾಯಿಟ್‌ನ ವಾಸ್ತುಶಿಲ್ಪಿ ಫ್ರೆಡೆರಿಕ್ ಸ್ಪಿಯರ್ ಅವರದು. ಅವರು ರೋನ್ಸ್ ಎಂಬ ಪಾಲುದಾರರೊಡನೆ ಸೇರಿ ಅದೇ ರಾಜ್ಯದ ಡ್ಯುರಾಂಡ್ ಸೇರಿದಂತೆ ಹಲವು ಊರುಗಳ ನಿಲ್ದಾಣಗಳನ್ನು ರೂಪಿಸಿದರು. ಇಲ್ಲಿ ಅವರು ಅನುಸರಿಸಿದ್ದು ಅಮೆರಿಕದ ಹೆಸರಾಂತ ವಾಸ್ತುಶಿಲ್ಪಿ ಹೆನ್ರಿ ಹಾಬ್ಸನ್ ರಿಚರ್ಡ್ಸನ್ ಅವರ ಶೈಲಿಯನ್ನು: ಭಾರವಾದ ಕಲ್ಲಿನ ಗೋಡೆಗಳು, ಅಗಲವಾದ ಅರ್ಧವೃತ್ತದ ಕಮಾನುಗಳು, ಗೋಡೆಯನ್ನು ಒತ್ತಿ ಹಿಡಿದಂತೆ ಕೆಳಗಿಳಿಯುವ ದೊಡ್ಡ ಚಾವಣಿ. ರಿಚರ್ಡ್ಸನ್ ತೀರಿಕೊಂಡದ್ದು ಈ ನಿಲ್ದಾಣ ಎದ್ದ 1886ರಲ್ಲಿಯೇ. ಗೋಡೆಯ ಕಲ್ಲುಗಳು ಹಿಮಯುಗದ ಹಿಮನದಿಗಳು ಉತ್ತರದಿಂದ ಹೊತ್ತುತಂದು ಮಿಷಿಗನ್ನಿನ ನೆಲದಲ್ಲಿ ಬಿಟ್ಟುಹೋದ ಗ್ರಾನೈಟ್ ಬಂಡೆಗಳಿಂದ ಒಡೆದವು. ಒಂದೇ ಗಣಿಯಿಂದ ಬಂದವಲ್ಲವಾದ್ದರಿಂದ ಅವುಗಳ ಬಣ್ಣವೂ ಒಂದೇ ಅಲ್ಲ. ಬೂದು, ನಸುಗೆಂಪು, ಕಂದು ಎಲ್ಲವೂ ಒಂದೇ ಗೋಡೆಯಲ್ಲಿ ಅಕ್ಕಪಕ್ಕ ಕೂತಿವೆ. ಮುಖವನ್ನು ನಯಗೊಳಿಸದೆ ಒರಟಾಗಿಯೇ ಬಿಟ್ಟಿರುವುದರಿಂದ ಇಳಿಬಿಸಿಲಿನಲ್ಲಿ ಪ್ರತಿಯೊಂದು ಕಲ್ಲಿನ ನೆರಳೂ ಎದ್ದು ಕಾಣುತ್ತದೆ. ಒಳಗೆ ಕೆಂಪು ಓಕ್ ಮರದ ಕೆಲಸ, ಬಣ್ಣದ ಗಾಜಿನ ಕಿಟಕಿಗಳು, ಸುಟ್ಟ ಮಣ್ಣಿನ ಅಲಂಕಾರದ ಅಗ್ಗಿಷ್ಟಿಕೆಗಳು. ಚಳಿಗಾಲದಲ್ಲಿ ಹಿಮ ಕೊಡವಿಕೊಂಡು ಒಳಬರುವ ಪ್ರಯಾಣಿಕ ಮೊದಲು ಹುಡುಕುವುದು ಬೆಂಕಿಯನ್ನು ಎಂಬುದನ್ನು ಬಲ್ಲವರು ಮಾಡಿದ ಯೋಜನೆ ಇದು.

ಎರಡನೆಯ ಮಹಾಯುದ್ಧದ ನಂತರ ಹೆದ್ದಾರಿ ಮತ್ತು ವಿಮಾನಗಳು ಪ್ರಯಾಣಿಕರನ್ನು ಎಳೆದುಕೊಂಡ ಮೇಲೆ ಅಮೆರಿಕದ ನಿಲ್ದಾಣಗಳಿಗೆ ಬಂದ ಗತಿ ಎಲ್ಲರಿಗೂ ತಿಳಿದದ್ದೇ. ನ್ಯೂಯಾರ್ಕಿನ ಪೆನ್ಸಿಲ್ವೇನಿಯಾ ನಿಲ್ದಾಣವನ್ನೇ 1963ರಲ್ಲಿ ಒಡೆಯತೊಡಗಿದ್ದರು. ಆ ಆಘಾತದ ಬೆನ್ನಿಗೇ, 1966ರಲ್ಲಿ, ಐತಿಹಾಸಿಕ ಕಟ್ಟಡಗಳ ರಕ್ಷಣೆಗೆ ರಾಷ್ಟ್ರೀಯ ಕಾನೂನು ಬಂತು. 1968ರಲ್ಲಿ ಮಿಷಿಗನ್ ಸೆಂಟ್ರಲ್ಲಿನ ಹಳಿಗಳು ಪೆನ್ ಸೆಂಟ್ರಲ್ ಎಂಬ ಭಾರೀ ಕಂಪನಿಯ ಕೈಸೇರಿದವು, ಎರಡೇ ವರ್ಷಗಳಲ್ಲಿ ಆ ಕಂಪನಿ ದಿವಾಳಿಯಾಯಿತು. ರೆಸ್ಟೋರೆಂಟ್ ಉದ್ಯಮಿ ಚಕ್ ಮ್ಯೂರ್ ಆ್ಯನ್ ಆರ್ಬರಿನ ನಿಲ್ದಾಣವನ್ನು ಕೈಗೆತ್ತಿಕೊಂಡದ್ದು ಸರಿಯಾಗಿ ಇಂಥ ಹೊತ್ತಿನಲ್ಲಿ. ಹಳೆಯ ಕಟ್ಟಡಕ್ಕೆ ಹೊಸ ಉಪಯೋಗ ಎಂಬ ಮಾತು ಇನ್ನೂ ಚಾಲ್ತಿಗೆ ಬಂದಿರದ ಕಾಲದಲ್ಲಿ ಅದು ಧೈರ್ಯದ ಕೆಲಸವೇ ಆಗಿತ್ತು. 1978ರಲ್ಲಿ ಅವರು ಪಿಟ್ಸ್‌ಬರ್ಗ್‌ನ ದೊಡ್ಡ ನಿಲ್ದಾಣವೊಂದರಲ್ಲಿ ಗ್ರ್ಯಾಂಡ್ ಕಾನ್‌ಕೋರ್ಸ್ ಎಂಬ ರೆಸ್ಟೋರೆಂಟನ್ನು ತೆರೆದು ಅದೇ ಸಾಹಸವನ್ನು ಇನ್ನೂ ದೊಡ್ಡದಾಗಿ ಮಾಡಿದರು. 1993ರ ಮಾರ್ಚ್ ತಿಂಗಳ ಭೀಕರ ಬಿರುಗಾಳಿಯಲ್ಲಿ, ಬಹಾಮಾಸ್ ದ್ವೀಪಗಳಿಂದ ಹಾಯಿದೋಣಿಯಲ್ಲಿ ಮರಳುತ್ತಿದ್ದ ಮ್ಯೂರ್, ಅವರ ಪತ್ನಿ ಮತ್ತು ಜೊತೆಗಾರರು ಕಣ್ಮರೆಯಾದರು. 2002ರಿಂದ ಸಂಸ್ಥೆಯ ಒಡೆತನ ಲ್ಯಾಂಡ್ರೀಸ್ ಕಂಪನಿಯದು.

ಮ್ಯೂರ್ ಮಾಡಿಸಿದ ಮಾರ್ಪಾಡಿನ ಗುಣವಿರುವುದು ಅದರ ಸಂಯಮದಲ್ಲಿ. ಕಾಯುವ ಸಭಾಂಗಣವನ್ನು ಗೋಡೆಗಳಿಂದ ಸಣ್ಣ ಸಣ್ಣ ಕೋಣೆಗಳಾಗಿ ಒಡೆಯದೆ ಅದರ ಎತ್ತರವನ್ನು ಉಳಿಸಿಕೊಂಡಿದ್ದಾರೆ. ಪ್ಲಾಟ್‌ಫಾರಂ ಬದಿಗೆ ಗಾಜು ಹಾಕಿ ಅಲ್ಲಿಯೂ ಊಟದ ಮೇಜುಗಳನ್ನು ಇಟ್ಟಿದ್ದಾರೆ. ಇದರ ಫಲವಾಗಿ ಶಿಕಾಗೊ ಮತ್ತು ಡೆಟ್ರಾಯಿಟ್ ನಡುವಿನ ವುಲ್ವರೀನ್ ರೈಲು ಕಿಟಕಿಯ ಆಚೆಯೇ ಸಾಗುತ್ತದೆ. ವಸ್ತುಸಂಗ್ರಹಾಲಯವಾಗಿ ಉಳಿದ ಎಷ್ಟೋ ನಿಲ್ದಾಣಗಳಲ್ಲಿ ಹಳಿಯೇ ಇರುವುದಿಲ್ಲ, ಇದ್ದರೆ ತುಕ್ಕು ಹಿಡಿದಿರುತ್ತದೆ. ಇಲ್ಲಿ ರೈಲು ಬಂದಾಗ ಕಟ್ಟಡ ಯಾವ ಕೆಲಸಕ್ಕೆ ಹುಟ್ಟಿತೆಂಬುದನ್ನು ಯಾವ ಫಲಕವೂ ಹೇಳಬೇಕಾಗಿಲ್ಲ. 1975ರಲ್ಲಿ ಕಟ್ಟಡ ರಾಷ್ಟ್ರೀಯ ಐತಿಹಾಸಿಕ ತಾಣಗಳ ಪಟ್ಟಿಗೆ ಸೇರಿತು.

ಊಟದ ಬಗ್ಗೆ ಹೆಚ್ಚು ಹೇಳುವುದಿಲ್ಲ. ಮ್ಯೂರ್ ಅವರ ಕಾಲದಿಂದ ಬಂದ ಚಾರ್ಲೀಸ್ ಚೌಡರ್, ಅಂದರೆ ಟೊಮೆಟೊ ಹಾಕಿದ ಮೀನಿನ ಸಾರು, ಈ ಮನೆಯ ಗುರುತಿನ ಅಡುಗೆ. ಮೀನು ತಿನ್ನುವವರು ಅದರಿಂದಲೇ ಆರಂಭಿಸುವುದು ಒಳ್ಳೆಯದು. ಸಸ್ಯಾಹಾರಿಗಳಿಗೆ ಆಯ್ಕೆ ಕಡಿಮೆ. ಹುರಿದ ಪೈನ್ ಬೀಜ, ನೀಲಿ ಚೀಸ್ ಮತ್ತು ಸಿಹಿ-ಹುಳಿ ರಾಸ್‌ಬೆರಿ ರಸ ಬೆರೆಸಿದ ಮಾರ್ಥಾಸ್ ವಿನ್‌ಯಾರ್ಡ್ ಸಲಾಡ್ ನೆಚ್ಚಿಕೊಳ್ಳಬಹುದಾದದ್ದು. ಬೆಲೆ ಮೇಲ್ದರ್ಜೆಯ ರೆಸ್ಟೋರೆಂಟಿನದು ಎಂಬುದನ್ನು ತಿಳಿದುಕೊಂಡೇ ಹೋಗಬೇಕು.

ನನ್ನನ್ನು ಕಾಡುವ ಒಂದು ವಿಷಯವನ್ನು ಇಲ್ಲಿ ಬರೆಯಲೇಬೇಕು. ನಿಲ್ದಾಣವೆಂಬುದು ಟಿಕೆಟ್ಟಿನ ಹಣವಷ್ಟೇ ಇದ್ದವನೂ ಬೆಂಕಿಯ ಬಳಿ ಕೂರಬಹುದಾಗಿದ್ದ ಜಾಗ. ಈಗ ಆ ಬೆಂಕಿಯ ಬಳಿ ಕೂರಲು ಊಟ ತರಿಸಿಕೊಳ್ಳಬೇಕು. ರೈಲು ಹತ್ತುವವರು ಕಾಯುವುದು ಕೂಗಳತೆಯ ದೂರದಲ್ಲಿ 1983ರಲ್ಲಿ ಅಮೆರಿಕದ ರಾಷ್ಟ್ರೀಯ ಪ್ರಯಾಣಿಕ ರೈಲು ಸಂಸ್ಥೆ ಆ್ಯಮ್‌ಟ್ರ್ಯಾಕ್ ಕಟ್ಟಿದ ಚಿಕ್ಕ, ಸಾದಾ ನಿಲ್ದಾಣದಲ್ಲಿ. ಇದು ಮ್ಯೂರ್ ಅವರ ತಪ್ಪಲ್ಲ. ಅವರು ಮುಂದೆ ಬರದಿದ್ದರೆ ಇಂದು ಊಟಕ್ಕೂ ಈ ಗೋಡೆಗಳು ಇರುತ್ತಿದ್ದವೋ ಇಲ್ಲವೋ. ಆದರೆ ರೈಲು ನಿಲ್ಲುವುದು ನಿಂತಿರಲಿಲ್ಲ, ನಿಂತದ್ದು ನಿಲ್ದಾಣದ ಬಗೆಗಿನ ಸಾರ್ವಜನಿಕ ಕಾಳಜಿ ಮಾತ್ರ ಎಂಬುದನ್ನು ಈ ಎರಡು ಕಟ್ಟಡಗಳನ್ನು ಒಟ್ಟಿಗೆ ನೋಡಿದವರು ಒಪ್ಪುತ್ತಾರೆ. ಇತ್ತೀಚಿನ ವರ್ಷಗಳಲ್ಲಿ ಆ ಕಾಳಜಿ ಮರಳುತ್ತಿರುವ ಲಕ್ಷಣಗಳೂ ಇವೆ: 1846ರಲ್ಲಿ ಮಾರಿದ ಮಾರ್ಗದಲ್ಲಿ ಡಿಯರ್‌ಬಾರ್ನ್‌ನಿಂದ ಕ್ಯಾಲಮಜೂವರೆಗಿನ ಹಳಿಯನ್ನು ಮಿಷಿಗನ್ ರಾಜ್ಯ 2012ರಲ್ಲಿ ಮತ್ತೆ ಕೊಂಡುಕೊಂಡು, ವೇಗದ ರೈಲುಗಳಿಗೆ ಸಜ್ಜುಗೊಳಿಸುತ್ತ ಬಂದಿದೆ. ಆ್ಯನ್ ಆರ್ಬರ್ ಇರುವುದು ಆ ಭಾಗದಲ್ಲಿಯೇ.

ಹೋಗುವವರು ಹಗಲು ಬೆಳಕಿರುವಾಗ ತಲುಪಿ, ಒಳಗೆ ಹೋಗುವ ಮೊದಲು ಕಟ್ಟಡದ ಸುತ್ತ ಒಮ್ಮೆ ನಡೆದು ಕಮಾನುಗಳನ್ನೂ ಕಲ್ಲುಗಳನ್ನೂ ಹತ್ತಿರದಿಂದ ನೋಡಬೇಕು. ಮೇಜನ್ನು ಮುಂಚಿತವಾಗಿ ಕಾಯ್ದಿರಿಸುವಾಗ ಹಳಿಯ ಕಡೆಯದನ್ನೇ ಕೇಳಿ. ಡೆಟ್ರಾಯಿಟ್ ಅಥವಾ ಶಿಕಾಗೊ ಕಡೆಯಿಂದ ಬರುವವರಿಗೆ ಕಾರಿಗಿಂತ ರೈಲೇ ಮೇಲು. ಇಳಿದು ನಡೆದೇ ರೆಸ್ಟೋರೆಂಟನ್ನು ಸೇರಬಹುದು.